ಬರಿಗೈ ಯುದ್ಧ

ಪ್ರತಿ ಯುದ್ಧವನ್ನೂ ಹಿಂದಿನದಕ್ಕಿಂತ ಹಳೆಯ ಆಯುಧದಿಂದಲೇ ಮಾಡಬೇಕೆಂದು ದೇಶಗಳು ಒಪ್ಪಿಕೊಂಡು ತಲೆಮಾರುಗಳಾಗಿದ್ದವು. ಸಂಗಪ್ಪನ ಅಜ್ಜ ಬಂದೂಕು ಹಿಡಿದಿದ್ದ, ಅಪ್ಪ ಕತ್ತಿ, ಅಣ್ಣ ಕಲ್ಲು. ಈ ಸಲ ಬರಿಗೈ. ಉಗುರೂ ಆಯುಧವೆಂದು ನಿಯಮವಿದ್ದುದರಿಂದ ಹೆಂಡತಿ ನೀಲಾಂಬಿಕೆ ಅದನ್ನು ಕತ್ತರಿಸಿಯೇ ಕಳಿಸಿದ್ದಳು.

ಗೆದ್ದು ಬಂದವನು ಅಂಗಳದಲ್ಲೇ ನಿಂತ.

"ಎತ್ತಿಕೊಳ್ರೀ, ನೀವು ಹೋದಮೇಲೆ ಹುಟ್ಟಿದ್ದು. ಮೂಗು ಮಾತ್ರ ನಿಮ್ಮದೇ, ಪಾಪ," ಎಂದು ಅವಳು ನಗುತ್ತ ಮಗುವನ್ನು ಚಾಚಿದಳು.

ಅವನು ಕೈಗಳನ್ನು ಬೆನ್ನ ಹಿಂದೆ ಸರಿಸಿದ.

"ತೊಳೆದುಕೊಂಡು ಬನ್ನಿ, ಬಿಸಿನೀರಿದೆ."

"ತೊಳೆದೆ." ಕೈಗಳನ್ನು ಮುಂದೆ ತರದೆಯೇ ಕೇಳಿದ: "ಅಜ್ಜ, ಅಪ್ಪ, ಅಣ್ಣ ಎಲ್ಲ ಆಯುಧವನ್ನ ಯುದ್ಧ ಮುಗಿದಲ್ಲೇ ಒಪ್ಪಿಸಿ ಮನೆಗೆ ಬಂದರು. ನಾನು ಈ ಕೈಗಳನ್ನ ಎಲ್ಲಿ ಒಪ್ಪಿಸಲಿ, ನೀಲಾ?"

ಮಗು ತಾನಾಗಿಯೇ ಅವನತ್ತ ವಾಲಿತು. ಯೋಚಿಸುವ ಮೊದಲೇ ನೀಲಾಂಬಿಕೆ ಅದನ್ನು ಎದೆಗೆ ಎಳೆದುಕೊಂಡುಬಿಟ್ಟಿದ್ದಳು.