ಕೋರ್ಟು ಏಳುವವರೆಗೆ

"ಕೂತ್ಕೊಳ್ಳಿ. ನೀವೀಗ ಸಜೆಯಲ್ಲಿದ್ದೀರಿ," ಎಂದರು ನ್ಯಾಯಮೂರ್ತಿಗಳು.

ಏನೋ ಹೇಳಲು ಎದ್ದಿದ್ದ ತ್ರಿಲೋಕಿನಾಥ್ ಬರನ್ವಾಲ್ ಕುಸಿದು ಕುಳಿತ. ಬೈರಾಗಂಜ್ ಪುರಸಭೆಯ ಮುಖ್ಯಾಧಿಕಾರಿ ಅವನು. ಹೋದ ವರ್ಷ ತಡೆಯಾಜ್ಞೆ ಮೀರಿ ಕುಂಬಾರನೊಬ್ಬನ ಮನೆ ಕೆಡವಿಸಿದ್ದಕ್ಕೆ ನ್ಯಾಯಾಂಗ ನಿಂದನೆಯ ಶಿಕ್ಷೆ: ಸಂಜೆ ಕೋರ್ಟು ಏಳುವವರೆಗೆ ಹಿಂದಿನ ಬೆಂಚಿನಲ್ಲಿ, ಪೊಲೀಸಿನವನ ಪಕ್ಕ, ಬಾಯಿ ಮುಚ್ಚಿಕೊಂಡು ಕೂರುವುದು. ಮೊಬೈಲನ್ನೂ ಕಿತ್ತುಕೊಂಡಿದ್ದರು. ಅವಮಾನವೇ ಸರಿ, ಆದರೆ ಇಷ್ಟಕ್ಕೇ ಮುಗಿಯಿತಲ್ಲ ಎಂದು ಹತ್ತು ನಿಮಿಷದ ಹಿಂದೆ ಅವನು ನಿರಾಳವಾಗಿದ್ದ.

ಮುಂದಿನ ಪ್ರಕರಣವೂ ಬೈರಾಗಂಜಿನದೇ ಆಗಿತ್ತು. ಫೂಲಮತಿ ಎಂಬ ಮುದುಕಿಯದು. ಮನೆ ಅವಳ ಗಂಡನ ಹೆಸರಿನಲ್ಲಿತ್ತು. "ಇವತ್ತು ಹನ್ನೆರಡಕ್ಕೆ ಕೆಡವ್ತೀವಿ ಅಂತ ನೋಟಿಸು ಅಂಟಿಸಿದ್ದಾರೆ ಸ್ವಾಮಿ," ಎಂದು ಅವಳ ವಕೀಲ ಅಲವತ್ತುಕೊಂಡ. ತಡೆಯಾಜ್ಞೆ ಸಿಕ್ಕಿತು. ಬರನ್ವಾಲ್ ಗಾಬರಿಯಿಂದ ಎದ್ದು ನಿಂತದ್ದು ಆಗಲೇ.

"ಅಧಿಕಾರಿ ಇಲ್ಲೇ ಇದ್ದಾರೆ, ಕಿವಿಯಾರೆ ಕೇಳಿದ್ದಾರೆ," ಎಂದು ನ್ಯಾಯಮೂರ್ತಿಗಳು ಬರೆಸಿದರು. "ಎರಡನೇ ಸಲ ಆದ್ರೆ ಬೆಂಚಲ್ಲ, ಜೈಲು."

ಗಂಟೆ ಹನ್ನೊಂದೂವರೆ. ಬೈರಾಗಂಜ್ ಇಲ್ಲಿಂದ ತೊಂಬತ್ತು ಕಿಲೋಮೀಟರು.

ಕೆಲಸ ನಿಲ್ಲಿಸಿ ಎಂದು ಬರನ್ವಾಲ್ ಚೀಟಿ ಬರೆದು ಪುರಸಭೆಯ ವಕೀಲ ಸಹಾಯ್‌ಗೆ ದಾಟಿಸಿದ. ಸಹಾಯ್ ಹೊರಗೆ ಹೋಗಿ ಬಂದು ಪಕ್ಕದಲ್ಲಿ ಬಾಗಿದ.

"ಎಂಜಿನಿಯರ್ ತೋಮರ್ ಫೋನು ಆಫ್. ಅವನ ಆಳುಗಳದ್ದೂ ಆಫ್. ಕಚೇರೀಲಿ ಯಾರೂ ಎತ್ತುತ್ತಿಲ್ಲ. ಏನ್ ಸಾಹೇಬ್ರೆ ಇದು?"

ಏನೆಂದು ಬರನ್ವಾಲ್‌ಗೆ ಚೆನ್ನಾಗಿ ಗೊತ್ತಿತ್ತು. ಕೆಡವುವ ದಿನ ಎಲ್ಲರ ಫೋನೂ ಬಂದ್. ತಡೆಯಾಜ್ಞೆ ಕಿವಿಗೇ ಬೀಳದಿದ್ದರೆ ನಿಂದನೆ ಎಲ್ಲಿಂದ ಬರಬೇಕು? ಉಪಾಯ ಅವನದೇ.

ಹನ್ನೆರಡಾಯಿತು. ಒಂದಾಯಿತು. ಕೆಲಸ ಹೋಗುತ್ತದೆ, ಪಿಂಚಣಿ ಹೋಗುತ್ತದೆ, ಕೈಗೆ ಕೋಳ ಬೀಳುತ್ತದೆ. ಊಟದ ಬಿಡುವಿನಲ್ಲಿ ಪೊಲೀಸಿನವನು ಪೂರಿಯ ಪೊಟ್ಟಣ ಬಿಚ್ಚಿದ.

"ತಿನ್ನಿ ಸಾಹೇಬ್ರೆ. ಜೈಲೂಟ ಇಷ್ಟು ಚೆನ್ನಾಗಿರಲ್ಲ."

ಬರನ್ವಾಲ್ ಪೊಟ್ಟಣವನ್ನು ಪಕ್ಕಕ್ಕೆ ಸರಿಸಿದ. ಎರಡು ಬೆಂಚು ಮುಂದೆ ಫೂಲಮತಿ ಆದೇಶದ ಪ್ರತಿಗಾಗಿ ಕಾಯುತ್ತ ಕುಳಿತಿದ್ದಳು. ಅವಳು ತಿರುಗಿದಾಗಲೆಲ್ಲ ಅವನು ತಲೆ ತಗ್ಗಿಸಿದ.

ನಾಲ್ಕೂವರೆಗೆ ಕೋರ್ಟು ಎದ್ದಿತು. ಓಡಿ ಹೊರಬಂದರೆ, ಅವನನ್ನು ಕರೆದೊಯ್ಯಲು ಬಂದ ತೋಮರ್ ಜೀಪಿಗೊರಗಿ ನಿಂತಿದ್ದ. ಮೈಯೆಲ್ಲ ಧೂಳು.

"ಮನೆ?"

"ನೆಲಸಮ ಸಾರ್."

ಬರನ್ವಾಲ್ ಅವನ ತೋಳು ಹಿಡಿದ. "ಎಷ್ಟು ಗಂಟೆಗೆ?"

"ಬಿಸಿಲೇರೋದ್ರೊಳಗೆ ಮುಗಿಸೋಣ ಅಂತ ಎಂಟಕ್ಕೇ ಶುರು ಹಚ್ಚಿದ್ವಿ. ಹೊರಗಿಂದ ಬೀಗ ಇತ್ತು, ಅಡ್ಡ ಬರೋರು ಯಾರೂ ಇರ್ಲಿಲ್ಲ. ಹತ್ತು ನಿಮಿಷದ ಕೆಲಸ."

ಹಿಂದೆಯೇ ಹೊರಬಂದಿದ್ದ ಸಹಾಯ್ ನಕ್ಕೇಬಿಟ್ಟ. "ಮನೆ ಬಿದ್ದಿದ್ದು ಎಂಟಕ್ಕೆ, ಆದೇಶ ಆಗಿದ್ದು ಹನ್ನೊಂದೂವರೆಗೆ. ನಿಂದನೆ ಆಗಲ್ಲ ಸಾಹೇಬ್ರೆ. ಬಚಾವಾದ್ರಿ."

ಬರನ್ವಾಲ್ ಮೆಟ್ಟಿಲ ಮೇಲೆ ಕುಳಿತು ಮುಖ ಒರೆಸಿಕೊಂಡ. ಇಡೀ ದಿನದಲ್ಲಿ ಮೊದಲ ಸಲ ಉಸಿರು ಸರಿಯಾಗಿ ಆಡಿತು. ಯಾರಿಗೋ ಚಹಾ ತರಲು ಹೇಳಿದ.

ಆದೇಶದ ಪ್ರತಿ ಹಿಡಿದು ಫೂಲಮತಿ ಆಗಷ್ಟೇ ಬಾಗಿಲು ದಾಟಿ ಬಂದಳು. ಇವರ ಮಾತು ಅವಳಿಗೆ ಕೇಳಿಸಿರಲಿಲ್ಲ. ಕೈ ಮುಗಿದಳು.

"ನಿಮ್ಮ ಜೀಪಲ್ಲಿ ನನ್ನನ್ನೂ ಊರಿಗೆ ಬಿಡ್ತೀರಾ ಸಾಹೇಬ್ರೆ? ನಮ್ಮನೆಯವರಿಗೆ ಲಕ್ವ ಹೊಡೆದು ಎರಡು ವರ್ಷ, ಹಾಸಿಗೆಯಿಂದ ಏಳೋಕಾಗಲ್ಲ; ಬೆಳಗಿನ ಜಾವ ಹೊರಗಿಂದ ಬೀಗ ಹಾಕ್ಕೊಂಡು ಬಂದುಬಿಟ್ಟೆ, ಪಾಪ, ನೀರು ಕೊಡೋಕೂ ಯಾರಿಲ್ಲ."