ಮುಚ್ಚಿದ ಪುಸ್ತಕಗಳ ಊರು

ಪುಸ್ತಕದ ರಟ್ಟಿನ ಮೇಲೆ ಒಣಗಿದ ಕುಂಕುಮ ಕಂಡರೆ ಇವತ್ತಿಗೂ ನನಗೆ ಕಲಬುರಗಿಯ ಆ ಮಧ್ಯಾಹ್ನ ನೆನಪಾಗುತ್ತದೆ.

ಅವತ್ತು ಸರಸ್ವತಿ ಪೂಜೆ. ಮನೆಯ ಪುಸ್ತಕಗಳನ್ನೆಲ್ಲ ಮಣೆಯ ಮೇಲೆ ಕೋಟೆಯಂತೆ ಪೇರಿಸಿದ್ದರು. ಮರುದಿನದವರೆಗೆ ಯಾರೂ ಓದುವಂತಿರಲಿಲ್ಲ. ನಾನು ಓದುತ್ತಿದ್ದ ಕಥೆ ಅರ್ಧಕ್ಕೇ ನಿಂತಿತ್ತು, ಮುಖ ಊದಿಸಿಕೊಂಡು ಕೂತಿದ್ದೆ.

ಕಮಲಾಪುರದಿಂದ ಬಂದಿದ್ದ ಸೋದರತ್ತೆ ಕೆಂಪು ಬಾಳೆಹಣ್ಣು ಸುಲಿದುಕೊಡುತ್ತ ಆ ರಾಶಿಯತ್ತ ಕೈ ಮಾಡಿದಳು. "ಅಲ್ಲೊಂದು ಊರು ಅದ ನೋಡು. ನಿಘಂಟು ಅದರ ಅಗಸಿ ಬಾಗಿಲ. ಹೊಸ ಶಬ್ದ ಹೇಳಿದವರಿಗಷ್ಟ ಒಳಗ ಬಿಡ್ತಾರ. ಅಲ್ಲಿ ಹೊಳ್ಯಾಗ ಮಸಿ ಹರೀತದ. ಪಂಡಿತರು ಅದ್ರಾಗ ಮುಳುಗಿ, ಮೈತುಂಬ ಅಕ್ಷರ ಹೊತ್ತು ಏಳ್ತಾರ."

ಹಣ್ಣು ನನ್ನ ಕೈಯಲ್ಲೇ ಉಳಿಯಿತು.

ಮರುದಿನ ಒಂದೊಂದೇ ಪುಸ್ತಕ ತೆರೆದು ಹುಡುಕಿದೆ. "ಅತ್ತಿ, ಆ ಊರು ಯಾವುದ್ರಾಗೂ ಇಲ್ಲ."

"ಮುಚ್ಚಿದ್ದಾಗಷ್ಟ ಕಾಣ್ತದ ಅದು," ಅಂದಳು.

ಮುಂದಿನ ವರ್ಷದ ಪೂಜೆಗೆ, ಅರ್ಧ ಓದಿದ್ದ ಕಥೆಪುಸ್ತಕವನ್ನು ಯಾರೂ ಕೇಳುವ ಮೊದಲೇ ಮಣೆಯ ಮೇಲಿಟ್ಟೆ.