ಹೆಣ ನಗುವ ಶಾಟ್

"ಡೇವಿಸಣ್ಣ, ಎದ್ದು ಕೂತು ಸ್ವಲ್ಪ ನಗಿ. ಊಟಕ್ಕೆ ಹೋಗುವ," ಎಂದ ಕ್ಯಾಮೆರಾದ ಶ್ರೀಶ. ಹೆಣದ ಪಾತ್ರ ಮಾಡಿದವರು ಕೊನೆಗೆ ಕ್ಯಾಮೆರಾ ನೋಡಿ ನಗಬೇಕು, ಇಲ್ಲದಿದ್ದರೆ ಕೇಡು ಎಂಬುದು ಸಿನಿಮಾದವರ ನಂಬಿಕೆ. ಆ ಶಾಟನ್ನು ಆಮೇಲೆ ಅಳಿಸಿಬಿಡುತ್ತಾರೆ.

ಇಪ್ಪತ್ತೆರಡು ವರ್ಷ ಸಿನಿಮಾ, ಧಾರಾವಾಹಿಗಳಲ್ಲಿ ಪೊಲೀಸನಾಗಿ, ಬ್ರೋಕರನಾಗಿ ನಾಯಕನ ಹಿಂದೆ ನಿಂತ ಡೇವಿಸರ ಮುಖದ ಹತ್ತಿರಕ್ಕೆ ಕ್ಯಾಮೆರಾ ಬಂದದ್ದು ಇದೇ ಮೊದಲು, ಸಂಪಾಜೆಯ ಈ ಶೂಟಿಂಗಿನಲ್ಲಿ. ಅವರು ಮೂಗಿನ ಹತ್ತಿ ತೆಗೆದು ನಕ್ಕರು.

"ಸಾಕು. ಲೈಟ್ ಆಫ್ ಮಾಡಿ," ಎಂದ ಶ್ರೀಶ.

"ನಗು ಸರಿ ಬರ್ಲಿಲ್ಲ. ಇನ್ನೊಮ್ಮೆ ತೆಗಿ."

"ಇದನ್ನು ಯಾರು ನೋಡುದು ಮಾರಾಯ್ರೆ?"

"ನೀನು ನೋಡ್ತಾ ಇದ್ದಿ ಅಲ್ವಾ," ಎಂದರು ಡೇವಿಸ್.

ಶ್ರೀಶ ಲೈಟ್ ಮತ್ತೆ ಹಾಕಿಸಿದ. ಆಮೇಲೆ ಊಟಕ್ಕೆ ಹೊರಟಿದ್ದ ಮೇಕಪ್ಪಿನ ಜಿನ್ಸಿಯನ್ನು ಕರೆದು, ಡೇವಿಸರ ಹಣೆಯ ಬೆವರು ಒರೆಸಲು ಹೇಳಿದ.